ಮುಚ್ಚಿಟ್ಟ ಪಿಟೀಲು ಯಾರದು?

ಬೀದರ ಪಟ್ಟಣಕ್ಕೆ ಹೊಂದಿಕೊಂಡಿರುವ ಕೊಳಾರದ ಕಡೆಗೆ ನಾವು ಒಂದು ಸಾರಿ ಹೋಗಿದ್ದಾಗ, ಅಲ್ಲಿಯ ಹಿರಿಯರೊಬ್ಬರು ಗೋಡೆಯ ಗೂಡಿನಲ್ಲಿದ್ದ ಕರಿಯ ಪೆಟ್ಟಿಗೆಯನ್ನು ಎರಡು ಕೈಗಳಿಂದ ಇಳಿಸಿ, ಧೋತರದ ಅಂಚಿನಿಂದ ಧೂಳನ್ನು ಒರಸಿ, ನಮ್ಮ ಮುಂದೆ ತೆರೆದರು. ಒಳಗೆ ಕೆಂಪು ಅರಿವೆಯಲ್ಲಿ ಸುತ್ತಿದ ಒಂದು ಪಿಟೀಲು ಇತ್ತು. ಅವರ ತಂದೆಯು ಅದನ್ನು ಭಜನೆಯಲ್ಲಿಯೂ ಮದುವೆಗಳಲ್ಲಿಯೂ ಬಾರಿಸುತ್ತಿದ್ದರಂತೆ. ತಂದೆಯು ತೀರಿಹೋದ ಮೇಲೆ ಮೂವತ್ತು ವರ್ಷಗಳಿಂದ ಅದನ್ನು ಯಾರೂ ಮುಟ್ಟಿದ್ದಿಲ್ಲ. ಎರಡು ತಂತಿಗಳು ಕಡಿದುಹೋಗಿದ್ದವು. ಕಮಾನಿನ ಕುದುರೆಕೂದಲನ್ನು ಹುಳ ತಿಂದಿತ್ತು. ಮೇಲಿನ ಹಲಗೆಯ ಬೆಸುಗೆಯು ಬೆರಳಿನಷ್ಟು ಉದ್ದ ಬಿಟ್ಟುಕೊಂಡಿತ್ತು.

ಬಾಗಿಲಲ್ಲಿ ನಿಂತಿದ್ದ ಹನ್ನೆರಡು ವರ್ಷದ ಹುಡುಗನು, ಅವರ ತಮ್ಮನ ಮೊಮ್ಮಗನು, ಮೆಲ್ಲಗೆ, “ಮುತ್ಯಾ, ನಾ ಒಮ್ಮೆ ಮುಟ್ಟಲೇನು?” ಎಂದು ಕೇಳಿದನು. ಹಿರಿಯರು ಪೆಟ್ಟಿಗೆಯನ್ನು ಮುಚ್ಚುತ್ತಾ, “ಬ್ಯಾಡ ತಮ್ಮಾ, ಒಡದೀತು. ಇದು ನಮ್ಮಪ್ಪನ ಜೀವ ಇದ್ದಂಗ ಅದ,” ಎಂದರು. ಹುಡುಗನು ತಲೆ ತಗ್ಗಿಸಿಕೊಂಡು ಹೊರಗೆ ಹೋದನು. ಅವನು ಸಭೆಯಲ್ಲಿ ಪೇಟಿ ಬಾರಿಸುವವರ ಪಕ್ಕದಲ್ಲಿ ಕುಳಿತು ಸ್ವರಗಳನ್ನು ತಾನಾಗಿಯೇ ಕಲಿತುಕೊಂಡಿದ್ದನೆಂದು ಆಮೇಲೆ ನಮಗೆ ತಿಳಿಯಿತು.

ಆ ಹೊತ್ತಿನಲ್ಲಿ ನಾವು ಏನೂ ಹೇಳಲಿಲ್ಲ. ಹಿರಿಯರದು ಲೋಭವಲ್ಲ, ಪ್ರೀತಿಯೇ. ಒಬ್ಬ ವ್ಯಾಪಾರಿಯು ಒಳ್ಳೆಯ ಬೆಲೆ ಕೊಡುತ್ತೇನೆಂದರೂ ಅವರು ಅದನ್ನು ಮಾರಿದ್ದಿಲ್ಲ. ಆದರೂ ಹಿಂದಿರುಗುವ ದಾರಿಯುದ್ದಕ್ಕೂ ಒಂದು ಪ್ರಶ್ನೆಯು ನಮ್ಮನ್ನು ಬಿಡಲಿಲ್ಲ. ಅದೇನೆಂದರೆ, ಒಂದು ಅಮೂಲ್ಯ ವಸ್ತುವಿನ ವಿಷಯದಲ್ಲಿ ನಂಬಿಗಸ್ತನು ಯಾರು? ಅದನ್ನು ಕೆಡದಂತೆ ಮುಚ್ಚಿಡುವವನೋ, ಅಥವಾ ಅದು ಯಾವದಕ್ಕೋಸ್ಕರ ಉಂಟಾಯಿತೋ ಆ ಕೆಲಸಕ್ಕೆ ಅದನ್ನು ಒಪ್ಪಿಸುವವನೋ? ಪ್ರಿಯ ವಾಚಕರೇ, ಇದು ಒಂದು ಪಿಟೀಲಿನ ಪ್ರಶ್ನೆ ಮಾತ್ರವಲ್ಲ. ಆದರೆ ಪಿಟೀಲಿನಿಂದಲೇ ಆರಂಭಿಸಿದರೆ ವಿಚಾರವು ಸುಲಭವಾಗುವದು.

ಮೊದಲು ಒಂದು ವಿಚಿತ್ರವನ್ನು ನೋಡೋಣ. ಜರ್ಮನಿ ದೇಶದ ಬರ್ಲಿನ್ ಪಟ್ಟಣದಲ್ಲಿ ಸ್ಕ್ಲಾದನೋವ್‌ಸ್ಕಿ ಎಂಬ ಸಹೋದರರು ೧೮೯೫ನೇ ನವೆಂಬರ್ ೧ರಂದು ಹಣ ಕೊಟ್ಟು ಬಂದ ಜನರಿಗೆ ಚಲಿಸುವ ಚಿತ್ರಗಳನ್ನು ತೋರಿಸಿದರು. ಅವು ಕೆಲವು ಕ್ಷಣಗಳಷ್ಟೇ ನಡೆಯುವ ಚಿತ್ರಗಳು. ಮುಂದೆ ಕೆಲವು ವರ್ಷಗಳಲ್ಲಿ ಹತ್ತು ಹದಿನೈದು ನಿಮಿಷಗಳ ಚಿಕ್ಕ ಕಥೆಗಳು ಬಂದವು. ಆದರೆ ಅವೆಲ್ಲವೂ ಮೂಕವಾಗಿದ್ದವು. ಇಂಥ ಮೂಕಚಿತ್ರದಲ್ಲಿ ಒಂದು ಶ್ರೇಷ್ಠವಾದ ಪಿಟೀಲಿನ ಕಥೆಯನ್ನು ತೋರಿಸುವದಾದರೆ ಏನಾಗುವದು? ಪಿಟೀಲು ಕಾಣುವದು, ಕಮಾನು ಆಡುವದು, ಅದಕ್ಕಾಗಿ ಜನರು ಆಸೆಪಡುವದೂ ಕದಿಯುವದೂ ಅಳುವದೂ ಕಾಣುವದು. ಅದರ ನಾದವು ಮಾತ್ರ ಕೇಳಿಸದು. ಪರದೆಯ ಬಳಿಯಲ್ಲಿ ಕುಳಿತ ವಾದ್ಯಗಾರನೊಬ್ಬನು ತನ್ನ ಸಾಧಾರಣ ವಾದ್ಯದಿಂದ ಆ ಕೊರತೆಯನ್ನು ತುಂಬಬೇಕಾಗಿತ್ತು. ಹೀಗೆ ಹೆಸರುವಾಸಿಯಾದ ಪಿಟೀಲು ಪರದೆಯ ಮೇಲೆ ಬರೀ ಮರವಾಗಿತ್ತು. ಹೆಸರಿಲ್ಲದ ವಾದ್ಯವು ಕತ್ತಲೆಯಲ್ಲಿ ಹಾಡುತ್ತಿತ್ತು. ಕೊಳಾರದ ಪೆಟ್ಟಿಗೆಯಲ್ಲಿ ನಾವು ಕಂಡದ್ದೂ ಇಂಥ ಮೂಕಚಿತ್ರವೇ ಅಲ್ಲವೋ?

ಅದೇ ಜರ್ಮನಿ ದೇಶದಲ್ಲಿ ಹಾಫ್‌ಮನ್ ಎಂಬ ಗ್ರಂಥಕರ್ತನು ಹತ್ತೊಂಬತ್ತನೇ ಶತಮಾನದ ಆರಂಭದಲ್ಲಿ ಕ್ರೆಸ್ಪೆಲ್ ಎಂಬವನ ಕಥೆಯನ್ನು ಬರೆದನು. ಈ ಕ್ರೆಸ್ಪೆಲ್ ತನ್ನ ಕೈಯಿಂದಲೇ ಪಿಟೀಲುಗಳನ್ನು ಮಾಡಿ, ಒಂದೊಂದನ್ನು ಒಂದೇ ಸಾರಿ ಬಾರಿಸಿ, ಗೋಡೆಗೆ ತೂಗುಹಾಕಿ ಬಿಡುವನು. ಹಳೆಯ ಗುರುಗಳು ಮಾಡಿದ ಪಿಟೀಲುಗಳನ್ನು ಕೊಂಡುತಂದು, ಅವುಗಳ ನಾದದ ಗುಟ್ಟು ಎಲ್ಲಿದೆ ಎಂದು ಬಿಚ್ಚಿ ನೋಡುವನು. ಗುಟ್ಟು ಸಿಕ್ಕುವದಿಲ್ಲ. ಸಿಕ್ಕುವದು ಹೇಗೆ? ನಾದವು ಹಲಗೆಗಳ ಒಳಗೆ ಅಡಗಿಕೊಂಡಿರುವ ವಸ್ತುವಲ್ಲ. ಮರ, ತಂತಿ, ಕಮಾನು, ಕೈ, ಕಿವಿ ಇವು ಐದೂ ಕೂಡಿದಾಗ ಅದು ಹುಟ್ಟುವದು; ಅಗಲಿದಾಗ ಇಲ್ಲದೆ ಹೋಗುವದು. ಗೋಡೆಗೆ ತೂಗುಹಾಕುವವನೂ ಬಿಚ್ಚಿ ನೋಡುವವನೂ ಒಂದೇ ತಪ್ಪನ್ನು ಮಾಡುವರು. ವಸ್ತುವು ಕೈಯಲ್ಲಿದ್ದರೆ ಅದರ ಸಾರವೂ ತಮ್ಮ ಕೈಯಲ್ಲಿದೆಯೆಂದು ಅವರಿಬ್ಬರೂ ಎಣಿಸುವರು.

ಇತಾಲ್ಯ ದೇಶದ ಕ್ರೆಮೋನ ಪಟ್ಟಣದಲ್ಲಿ ಆಂಟೋನಿಯೋ ಸ್ತ್ರಾದಿವಾರಿ ಎಂಬ ಕುಶಲಕರ್ಮಿಯು ಇದ್ದನು. ಅವನು ೧೭೩೭ರಲ್ಲಿ ತೀರಿಹೋದನು. ಅವನು ಮಾಡಿದ ಪಿಟೀಲುಗಳಷ್ಟು ಬೆಲೆಯುಳ್ಳ ವಾದ್ಯಗಳು ಲೋಕದಲ್ಲಿ ಅಪರೂಪ. ಅವುಗಳಲ್ಲಿ ೧೭೧೬ರಲ್ಲಿ ಮಾಡಿದ ಒಂದನ್ನು ಅವನು ಸಾಯುವ ತನಕ ಯಾರಿಗೂ ಮಾರಲಿಲ್ಲ. ನೂರು ವರ್ಷಗಳಾದ ಮೇಲೆ ಅದು ತಾರಿಸಿಯೋ ಎಂಬ ವ್ಯಾಪಾರಿಯ ಕೈಸೇರಿತು. ಅವನು ಪ್ಯಾರಿಸ್ ಪಟ್ಟಣಕ್ಕೆ ಹೋದಾಗಲೆಲ್ಲಾ ಅದನ್ನು ಬಹಳವಾಗಿ ಹೊಗಳುವನು; ತರುವದು ಮಾತ್ರ ಇಲ್ಲ. ಕೇಳಿ ಕೇಳಿ ಸಾಕಾದವನೊಬ್ಬನು, ಹಾಗಾದರೆ ಇದು ಯೆಹೂದ್ಯರು ಎದುರುನೋಡುವ ಮೆಸ್ಸೀಯನಂತೆ, ಕಾಯುವದೇ ಹೊರತು ಬರುವದಿಲ್ಲ ಎಂದು ಪರಿಹಾಸ್ಯ ಮಾಡಿದನೆಂದೂ, ಆದಕಾರಣ ಅದಕ್ಕೆ ‘ಮೆಸ್ಸೀಯ’ ಎಂಬ ಹೆಸರು ನಿಂತಿತೆಂದೂ ಹೇಳುತ್ತಾರೆ. ಈಗ ಅದು ಇಂಗ್ಲೆಂಡಿನ ಆಕ್ಸ್‌ಫರ್ಡ್ ಪಟ್ಟಣದ ಆಶ್ಮೋಲಿಯನ್ ವಸ್ತುಸಂಗ್ರಹಾಲಯದಲ್ಲಿ ಗಾಜಿನ ಪೆಟ್ಟಿಗೆಯೊಳಗೆ ಇದೆ. ಮುನ್ನೂರು ವರ್ಷಗಳಾದರೂ ಹೊಸದರಂತೆ ಹೊಳೆಯುತ್ತದೆ, ಯಾಕಂದರೆ ಅದನ್ನು ಬಾರಿಸಿದ್ದು ಅತ್ಯಲ್ಪ.

ಇದರ ಮಾಲಿಕರನ್ನು ಅವಸರದಿಂದ ಹಳಿಯಬಾರದು. ಅದನ್ನು ದಾನವಾಗಿ ಕೊಟ್ಟ ಹಿಲ್ ಮನೆತನದವರು ತಾವೇ ಪಿಟೀಲು ಮಾಡುವವರು. ಮುಂದಿನ ಕುಶಲಕರ್ಮಿಗಳಿಗೆ ಒಂದು ಮಾದರಿಯಾದರೂ ಸವೆಯದೆ ಉಳಿಯಲಿ ಎಂಬದು ಅವರ ಉದ್ದೇಶ. ಅದನ್ನು ನೋಡಿ ಅಳೆದು ಎಷ್ಟೋ ಮಂದಿ ಹೊಸ ಪಿಟೀಲುಗಳನ್ನು ಮಾಡಿದ್ದಾರೆ. ಬಿತ್ತನೆಗೆಂದು ಒಂದು ಚೀಲ ಜೋಳವನ್ನು ತಿನ್ನದೆ ಇಡುವ ರೈತನನ್ನು ನಾವು ಜಿಪುಣನೆನ್ನುವೆವೋ? ಇಲ್ಲ. ಆದರೆ ಆ ಚೀಲವನ್ನು ಬಿತ್ತುವ ಕಾಲದಲ್ಲಿಯೂ ಬಿಚ್ಚದಿದ್ದರೆ ಆಗ ಅವನನ್ನು ಏನೆನ್ನಬೇಕೆಂದು ನೀವೇ ಹೇಳಿರಿ. ಆದದರಿಂದ ಮುಚ್ಚಿಡುವದು ತಾನಾಗಿ ಪಾಪವಲ್ಲ. ಯಾವದಕ್ಕೋಸ್ಕರ, ಎಷ್ಟು ಕಾಲ, ಯಾರ ಪ್ರಯೋಜನಕ್ಕೆ ಎಂಬದನ್ನು ಕೇಳಬೇಕು.

ಬೆಲೆಯ ವಿಷಯದಲ್ಲಿ ಇನ್ನೊಂದು ಸಂಗತಿ ಉಂಟು. ೨೦೧೦ರಲ್ಲಿ ಅಮೇರಿಕಾ ದೇಶದ ಇಂಡಿಯಾನಾಪೊಲಿಸ್ ಪಟ್ಟಣದಲ್ಲಿ ಪಂಡಿತರು ಒಂದು ಪರೀಕ್ಷೆ ಮಾಡಿದರು. ನುರಿತ ೨೧ ಮಂದಿ ಪಿಟೀಲುಗಾರರಿಗೆ ಕಪ್ಪು ಕನ್ನಡಕ ಹಾಕಿಸಿ, ಮೂರು ಹಳೆಯ ಇತಾಲ್ಯ ಪಿಟೀಲುಗಳನ್ನೂ ಮೂರು ಹೊಸ ಪಿಟೀಲುಗಳನ್ನೂ ಮಂಕು ಬೆಳಕಿನಲ್ಲಿ ಬಾರಿಸಲು ಕೊಟ್ಟರು. ಹೆಚ್ಚು ಮಂದಿ ಮೆಚ್ಚಿಕೊಂಡದ್ದು ಹೊಸದೊಂದನ್ನು. ಎಲ್ಲಕ್ಕಿಂತ ಕಡಿಮೆ ಮೆಚ್ಚಿಗೆ ಪಡೆದದ್ದು ಸ್ತ್ರಾದಿವಾರಿಯ ಒಂದು ಪಿಟೀಲು. ಹಳೆಯದು ಕೆಟ್ಟದ್ದೆಂದು ಇದರ ಅರ್ಥವಲ್ಲ. ನಾವು ಕಿವಿಯಿಂದ ಕೇಳುತ್ತೇವೆಂದು ಎಣಿಸುವಾಗ ಅರ್ಧದಷ್ಟು ಹೆಸರಿನಿಂದಲೇ ಕೇಳುತ್ತೇವೆಂದು ಇದು ನಮ್ಮನ್ನು ಎಚ್ಚರಿಸುತ್ತದೆ. ಮನುಷ್ಯರನ್ನು ಅಳೆಯುವಾಗಲೂ ನಾವು ಹೀಗೆಯೇ ಮಾಡುತ್ತೇವಲ್ಲವೇ? ಮನೆತನವನ್ನು ಕೇಳಿದ ಮೇಲೆ ಅವನ ಮಾತಿಗೆ ತೂಕ ಕೊಡುವದು ನಮ್ಮ ಹಳ್ಳಿಗಳಲ್ಲಿ ಹೊಸದಲ್ಲ. ಆ ಕಪ್ಪು ಕನ್ನಡಕವನ್ನು ಹಾಕಿಕೊಂಡು ನೋಡಿದರೆ ಯಾರು ಯಾವ ಸಾಲಿನಲ್ಲಿ ಕುಳಿತಾರು!

ಈಗ ಕೆಲವರು, ಹಾಗಾದರೆ ಬಾರಿಸಬಲ್ಲವನೇ ಪಿಟೀಲಿನ ನಿಜವಾದ ಒಡೆಯನು ಎಂದು ಹೇಳಾರು. ಈ ಮಾತು ಕೇಳುವದಕ್ಕೆ ಇಂಪಾಗಿದೆ, ಆದರೆ ಸತ್ಯವಲ್ಲ. ೧೯೩೬ರಲ್ಲಿ ನ್ಯೂಯಾರ್ಕ್ ಪಟ್ಟಣದ ಕಾರ್ನೆಗಿ ಸಭಾಗೃಹದಲ್ಲಿ ಹೂಬರ್ಮನ್ ಎಂಬ ಪ್ರಸಿದ್ಧ ವಿದ್ವಾಂಸನ ಸ್ತ್ರಾದಿವಾರಿ ಪಿಟೀಲೊಂದು ಕಳುವಾಯಿತು. ಅದು ಸಾಧಾರಣನಾದ ಒಬ್ಬ ಪಿಟೀಲುಗಾರನ ಬಳಿಯಲ್ಲಿ ಸುಮಾರು ಐವತ್ತು ವರ್ಷ ಇತ್ತು. ಅವನು ಅದರ ಬಣ್ಣ ಗುರುತಾಗದಂತೆ ಬೂಟಿನ ಮಸಿ ಬಳಿದು, ದಿನದಿನವೂ ಬಾರಿಸುತ್ತಾ ಜೀವನ ಮಾಡಿದನು. ೧೯೮೫ರಲ್ಲಿ ಮರಣದ ಸಮಯದಲ್ಲಿ ತನ್ನ ಹೆಂಡತಿಗೆ ಸಂಗತಿಯನ್ನು ತಿಳಿಸಿದನು. ಹೂಬರ್ಮನ್ ೧೯೪೭ರಲ್ಲಿಯೇ ತೀರಿಹೋಗಿದ್ದನು. ತನ್ನ ವಾದ್ಯವನ್ನು ಮತ್ತೆ ಕಾಣಲೇ ಇಲ್ಲ. ಕದ್ದ ಮಾಲನ್ನು ಇಟ್ಟುಕೊಂಡವನು ಅದನ್ನು ಬಾರಿಸಿದ್ದು ನಿಜವೇ. ಅದು ಗಾಜಿನ ಪೆಟ್ಟಿಗೆಯಲ್ಲಿ ಮೂಕವಾಗಿ ಇರಲಿಲ್ಲ. ಆದರೂ ಉಪಯೋಗಿಸಿದ ಮಾತ್ರಕ್ಕೆ ಕಳ್ಳತನವು ಹಕ್ಕಾಗಿ ಮಾರ್ಪಡುವದಿಲ್ಲ. ಬರಿದಾಗಿ ಬಿದ್ದಿರುವ ಹೊಲವನ್ನು ಕಂಡು ಬಲವಂತನು ರಾತ್ರಿಯಲ್ಲಿ ಬೇಲಿ ಸರಿಸಿ ಉತ್ತರೆ, ಬೆಳೆ ಬಂತಲ್ಲಾ ಎಂದು ನಾವು ಅವನನ್ನು ಬಿಡುವೆವೋ? ಆದಕಾರಣ ಒಡೆತನವು ಒಂದು ನಿಜವಾದ ಸಂಗತಿಯೇ. ಕೊಳಾರದ ಪಿಟೀಲು ಆ ಹಿರಿಯರದೇ ಹೊರತು ಹುಡುಗನದಲ್ಲ. ಒಡೆಯನು ಯಾರೆಂಬದು ತೀರಿದ ಪ್ರಶ್ನೆ. ಒಡೆಯನು ಮಾಡತಕ್ಕದ್ದೇನು ಎಂಬದೇ ಉಳಿದ ಪ್ರಶ್ನೆ.

ಇದಕ್ಕೆ ನಮ್ಮ ದೇಶದಲ್ಲಿಯೇ ಒಂದು ಉತ್ತಮವಾದ ದೃಷ್ಟಾಂತ ಉಂಟು. ಪಿಟೀಲು ನಮ್ಮ ಹಿರಿಯರ ವಾದ್ಯವಲ್ಲ. ‘ಫಿಡ್ಲ್’ ಎಂಬ ಪರದೇಶದ ಮಾತೇ ನಮ್ಮವರ ಬಾಯಲ್ಲಿ ಪಿಟೀಲು ಆಯಿತು. ಮುತ್ತುಸ್ವಾಮಿ ದೀಕ್ಷಿತರ ತಮ್ಮಂದಿರಾದ ಬಾಲುಸ್ವಾಮಿ ದೀಕ್ಷಿತರು ಅದನ್ನು ಯುರೋಪಿನವರಿಂದ ಕಲಿತು ದಕ್ಷಿಣದ ಸಂಗೀತಕ್ಕೆ ಹೊಂದಿಸಿದರು. ಯುರೋಪಿನವರು ಅದನ್ನು ಗದ್ದದ ಕೆಳಗೆ ಅಡ್ಡವಾಗಿ ಹಿಡಿದು ಬಾರಿಸಿದರೆ, ನಮ್ಮ ವಿದ್ವಾಂಸರು ನೆಲದ ಮೇಲೆ ಕುಳಿತು, ಅದರ ತಲೆಯನ್ನು ಪಾದದ ಮೇಲೆ ಊರಿ ಬಾರಿಸುತ್ತಾರೆ. ಹೀಗೆ ದೂರದಿಂದ ಬಂದದ್ದು ನಮ್ಮ ಚಾಪೆಯ ಮೇಲೆ ಕುಳಿತುಕೊಳ್ಳಲು ಕಲಿತ ಮೇಲೆ ಪರದೇಶಿಯಾಗಿ ಉಳಿಯಲಿಲ್ಲ.

ತಿರುಮಕೂಡಲಿನ ಚೌಡಯ್ಯನವರು (೧೮೯೫–೧೯೬೭) ಮೈಸೂರಿನ ಬಿಡಾರಂ ಕೃಷ್ಣಪ್ಪನವರ ಶಿಷ್ಯರಾಗಿ ಕಲಿತು, ಪಿಟೀಲು ವಿದ್ವಾಂಸರಲ್ಲಿ ಅಗ್ರಗಣ್ಯರಾದರು. ಅವರ ಯೌವನಕಾಲದಲ್ಲಿ ಕಛೇರಿಗಳಿಗೆ ಧ್ವನಿವರ್ಧಕ ಯಂತ್ರಗಳು ಇರಲಿಲ್ಲ. ಜನರೋ ಸಾವಿರಗಟ್ಟಲೆ ಸೇರುತ್ತಿದ್ದರು. ಮುಂದೆ ಕುಳಿತವರಿಗೆ ಪಿಟೀಲು ಕೇಳಿಸುವದು. ಹಿಂದೆ ನಿಂತವರಿಗೆ ಕಮಾನು ಆಡುವದಷ್ಟೇ ಕಾಣುವದು. ಹಿಂದೆ ನಿಂತವರಿಗೆ ಅದೂ ಒಂದು ಮೂಕಚಿತ್ರವೇ! ಚೌಡಯ್ಯನವರು ಈ ಕುಂದನ್ನು ನೋಡಿ, ನಾಲ್ಕು ತಂತಿಗಳ ವಾದ್ಯಕ್ಕೆ ಇನ್ನೂ ಮೂರು ತಂತಿಗಳನ್ನು ಕೂಡಿಸಿ, ಏಳು ತಂತಿಗಳ ಪಿಟೀಲನ್ನು ಬಳಕೆಗೆ ತಂದರು. ಅದರ ನಾದವು ದೊಡ್ಡದಾಯಿತು, ದೂರಕ್ಕೂ ಮುಟ್ಟಿತು. ಎಲ್ಲಾ ವಿದ್ವಾಂಸರೂ ಅವರನ್ನು ಅನುಸರಿಸಲಿಲ್ಲ. ಇಂದಿಗೂ ಬಹುಮಂದಿ ನಾಲ್ಕು ತಂತಿಗಳಲ್ಲಿಯೇ ಬಾರಿಸುತ್ತಾರೆ. ನಾವು ಇಲ್ಲಿ ತಂತಿಗಳ ವ್ಯಾಜ್ಯವನ್ನು ತೀರಿಸುವದಕ್ಕೆ ಕುಳಿತಿಲ್ಲ. ಒಂದನ್ನು ಮಾತ್ರ ಗಮನಿಸಬೇಕು. ತನ್ನ ವಾದ್ಯವನ್ನು ಪ್ರಾಣದಂತೆ ಪ್ರೀತಿಸಿದ ಆ ಮನುಷ್ಯನು ಅದನ್ನು ಮುಟ್ಟಬಾರದ ವಿಗ್ರಹವಾಗಿ ಮಾಡಲಿಲ್ಲ. ಕಡೆಯ ಸಾಲಿನಲ್ಲಿ ನಿಂತ ಬಡವನ ಕಿವಿಯನ್ನು ನೆನಸಿ, ಅದನ್ನು ಬದಲಾಯಿಸುವದಕ್ಕೂ ಧೈರ್ಯಪಟ್ಟನು.

ಅಷ್ಟಕ್ಕೇ ಅವರು ನಿಲ್ಲಲಿಲ್ಲ. ಕನ್ನಡದ ಮೊದಲನೇ ಮಾತಿನ ಚಿತ್ರವಾದ ‘ಸತಿ ಸುಲೋಚನ’ವು ೧೯೩೪ರಲ್ಲಿ ಬಂದಿತ್ತು. ೧೯೪೩ರಲ್ಲಿ ಚೌಡಯ್ಯನವರು ತಾವೇ ಹಣ ಹಾಕಿ ‘ವಾಣಿ’ ಎಂಬ ಚಿತ್ರವನ್ನು ತೆಗೆಸಿ, ತಾವೂ ಅದರಲ್ಲಿ ಕಾಣಿಸಿಕೊಂಡರು. ಜರ್ಮನಿಯ ಮೂಕಚಿತ್ರಗಳಲ್ಲಿ ಬರೀ ಮರವಾಗಿದ್ದ ಪಿಟೀಲಿಗೆ ನಮ್ಮ ನಾಡಿನ ಪರದೆಯ ಮೇಲೆ ಬಾಯಿ ಬಂತು. ಅವರು ತೀರಿಹೋದ ತರುವಾಯ ಅವರ ಜ್ಞಾಪಕಾರ್ಥವಾಗಿ ಬೆಂಗಳೂರಿನಲ್ಲಿ ಏಳು ತಂತಿಗಳ ಪಿಟೀಲಿನ ಆಕಾರದಲ್ಲಿಯೇ ಒಂದು ಸಭಾಗೃಹವನ್ನು ಕಟ್ಟಿದರು. ಅದು ೧೯೮೦ರಲ್ಲಿ ತೆರೆಯಲ್ಪಟ್ಟಿತು. ಪಿಟೀಲನ್ನು ಪೆಟ್ಟಿಗೆಯಲ್ಲಿ ಮುಚ್ಚಿಡುವವರು ಉಂಟು. ಇಲ್ಲಿಯಾದರೋ ಪಿಟೀಲೇ ಜನರನ್ನು ತನ್ನೊಳಗೆ ಕುಳ್ಳಿರಿಸಿಕೊಳ್ಳುತ್ತದೆ.

ಇದಕ್ಕೆ ಒಬ್ಬನು ಹೀಗೆ ಆಕ್ಷೇಪಣೆ ಮಾಡಬಹುದು: “ಎಲ್ಲಾ ಅಮೂಲ್ಯ ವಸ್ತುಗಳನ್ನೂ ದಿನಬಳಕೆಗೆ ಹಾಕಬೇಕೆಂದು ನಿಮ್ಮ ಮಾತಾದರೆ, ನಮ್ಮ ಬೀದರಿನ ಬಿದರಿ ಹೂಜಿಯಲ್ಲಿ ನೀರು ತುಂಬಿಡಬೇಕೋ?” ಈ ಆಕ್ಷೇಪಣೆಯು ಯೋಗ್ಯವಾದದ್ದು. ಬಿದರಿ ಕೆಲಸವು ಹೇಗೆ ಆಗುತ್ತದೆಂದು ನಮ್ಮ ಜಿಲ್ಲೆಯವರಿಗೆ ಗೊತ್ತಿದೆ. ಸತುವಿಗೆ ಸ್ವಲ್ಪ ತಾಮ್ರ ಬೆರಸಿ ಎರಕ ಹೊಯ್ದು, ಹೂಬಳ್ಳಿಗಳನ್ನು ಕೆತ್ತಿ, ಆ ಗೆರೆಗಳಲ್ಲಿ ಬೆಳ್ಳಿಯ ತಂತಿಯನ್ನು ಬಡಿದು ಕೂಡಿಸುತ್ತಾರೆ. ಕೊನೆಗೆ ಬೀದರ ಕೋಟೆಯ ಹಳೆಯ ಕಟ್ಟಡಗಳ ಮಣ್ಣನ್ನು, ನಾಲಿಗೆಯಿಂದ ರುಚಿ ನೋಡಿ ಆರಿಸಿ, ನವಸಾಗರದೊಂದಿಗೆ ನೀರಿನಲ್ಲಿ ಕಾಸಿ, ಅದರಲ್ಲಿ ಪಾತ್ರೆಯನ್ನು ಅದ್ದುತ್ತಾರೆ. ಸತುವು ಕಾಡಿಗೆಯಂತೆ ಕಪ್ಪಾಗುತ್ತದೆ. ಬೆಳ್ಳಿಯು ಬೆಳ್ಳಗೇ ಉಳಿಯುತ್ತದೆ. ಬೆಲೆಯಿಲ್ಲದ ಮಣ್ಣು ಬೆಲೆಯುಳ್ಳ ಬೆಳ್ಳಿಯನ್ನು ಬೆಳಗಿಸುವದು ಎಂಥ ಆಶ್ಚರ್ಯ! ಈ ಕೆಲಸಕ್ಕೆ ೨೦೦೬ರಲ್ಲಿ ಸರಕಾರದಿಂದ ಸ್ಥಳವಿಶೇಷದ ಗುರುತೂ ದೊರಕಿತು.

ಈ ಪಾತ್ರೆಯು ಕಣ್ಣಿಗೋಸ್ಕರ ಮಾಡಲ್ಪಟ್ಟದ್ದು. ನೋಡುವವರು ಇದ್ದರೆ ಸಾಕು, ಅದು ತನ್ನ ಕೆಲಸವನ್ನು ಪೂರೈಸುತ್ತದೆ. ಆದರೆ ಪಿಟೀಲು ಕಿವಿಗೋಸ್ಕರ ಮಾಡಲ್ಪಟ್ಟದ್ದು. ಅದನ್ನು ನೋಡಿದ ಮಾತ್ರಕ್ಕೆ ಅದರ ಕೆಲಸವು ಆಗದು. ಬಿದರಿ ಹೂಜಿಯನ್ನೂ ಗಂಟುಕಟ್ಟಿ ಯಾರೂ ನೋಡದಂತೆ ಅಟ್ಟದ ಮೇಲೆ ಇಟ್ಟರೆ, ಅದೂ ಮೂಕವಾದ ಪಿಟೀಲಿನಂತೆಯೇ ಆಗುವದು. ಆದದರಿಂದ ನಮ್ಮ ನಿಯಮವನ್ನು ಹೀಗೆ ಹೇಳಬಹುದು: ಪ್ರತಿಯೊಂದು ವಸ್ತುವನ್ನು ಅದು ಯಾವದಕ್ಕೋಸ್ಕರ ಉಂಟಾಯಿತೋ ಅದರಿಂದ ಅಳೆಯಬೇಕು, ಅದನ್ನು ಆ ಕೆಲಸದಿಂದ ತಡೆಯುವವನು, ಎಷ್ಟು ಪ್ರೀತಿಯಿಂದ ತಡೆದರೂ, ಅದಕ್ಕೆ ಅನ್ಯಾಯ ಮಾಡುತ್ತಾನೆ.

ಮತ್ತು ಆ ಪ್ರೀತಿಯೂ ಮೋಸಹೋಗುತ್ತದೆ. ಪಿಟೀಲು ಪೆಟ್ಟಿಗೆಯಲ್ಲಿ ಕ್ಷೇಮವಾಗಿದೆಯೆಂದು ಹಿರಿಯರು ನಂಬಿದ್ದರು. ಆದರೆ ಕಮಾನಿನ ಕೂದಲನ್ನು ತಿನ್ನುವ ಹುಳವು ಕತ್ತಲೆಯನ್ನೂ ಅಲುಗಾಡದ ಸ್ಥಳವನ್ನೂ ಹುಡುಕುತ್ತದೆ. ದಿನದಿನವೂ ತೆರೆಯುವ ಪೆಟ್ಟಿಗೆಯಲ್ಲಿ ಅದು ಮನೆಮಾಡುವದಿಲ್ಲ. ನಮ್ಮ ಸೀಮೆಯ ಬೇಸಿಗೆಯಲ್ಲಿ ಮರವು ಒಣಗಿ ಕುಗ್ಗುತ್ತದೆ, ಮಳೆಗಾಲದಲ್ಲಿ ಹಿಗ್ಗುತ್ತದೆ, ಅಂಟು ಬಿಡುತ್ತದೆ. ಬಾರಿಸುವವನಾದರೆ ಬಿರುಕನ್ನು ಮೊದಲನೇ ದಿನವೇ ಕಂಡು ಸರಿಮಾಡಿಸುವನು. ಮುಚ್ಚಿಟ್ಟವನಿಗೆ ಮೂವತ್ತು ವರ್ಷಗಳಾದ ಮೇಲೆ ಗೊತ್ತಾಗುವದು. ಯಜಮಾನನ ಹಣವನ್ನು ನೆಲದಲ್ಲಿ ಹೂಣಿಟ್ಟ ಆಳಿನ ಸಾಮ್ಯವನ್ನು ನಮ್ಮ ವಾಚಕರು ಬಲ್ಲರು. ಆ ಆಳು ಕದಿಯಲಿಲ್ಲ, ದುಂದುಮಾಡಲಿಲ್ಲ, ಭಯಪಟ್ಟನು, ಅಷ್ಟೇ. ಆದರೂ ಅವನಿಗೆ ಮೆಚ್ಚಿಗೆ ಸಿಕ್ಕಲಿಲ್ಲ. ಅವನ ಹಣವಾದರೂ ಹೂಣಿಟ್ಟಷ್ಟೇ ಉಳಿಯಿತು. ಹೂಣಿಟ್ಟ ಪಿಟೀಲು ಅಷ್ಟೂ ಉಳಿಯದು.

ಹಾಗಾದರೆ ಒಡೆಯನು ಮಾಡತಕ್ಕದ್ದೇನು? ಕಂಡಕಂಡವರ ಕೈಗೆ ಕೊಟ್ಟುಬಿಡಬೇಕೆಂದು ನಾವು ಹೇಳುವದಿಲ್ಲ. ಪಾಗಾನಿನಿ ಎಂಬ ಲೋಕಪ್ರಸಿದ್ಧ ಪಿಟೀಲುಗಾರನು ೧೮೪೦ರಲ್ಲಿ ತೀರಿಹೋಗುವಾಗ ತನ್ನ ಪ್ರಿಯ ವಾದ್ಯವನ್ನು ತಾನು ಹುಟ್ಟಿದ ಜೆನೋವ ಪಟ್ಟಣಕ್ಕೆ ಬಿಟ್ಟುಕೊಟ್ಟನು. ಆ ಪಟ್ಟಣದವರು ಅದನ್ನು ಬಹು ಜೋಕೆಯಾಗಿ ಕಾಪಾಡುತ್ತಾರೆ. ಆದರೆ ಆಗಾಗ ಯೋಗ್ಯರಾದವರ ಕೈಗೆ ಕೊಟ್ಟು ಬಾರಿಸುತ್ತಾರೆ. ಕಾಪಾಡುವದೂ ಬಾರಿಸುವದೂ ಒಂದಕ್ಕೊಂದು ವೈರಿಗಳಲ್ಲವೆಂದು ಇದರಿಂದ ತಿಳಿಯುತ್ತದೆ. ಮತ್ತೊಂದು ಉದಾಹರಣೆ: ೧೭೨೧ರಲ್ಲಿ ಸ್ತ್ರಾದಿವಾರಿಯು ಮಾಡಿದ ‘ಲೇಡಿ ಬ್ಲಂಟ್’ ಎಂಬ ಪಿಟೀಲನ್ನು ಜಪಾನಿನ ಒಂದು ಸಂಗೀತ ಸಂಸ್ಥೆಯವರು ೨೦೧೧ರಲ್ಲಿ ಹರಾಜು ಹಾಕಿದರು. ಸುಮಾರು ೯೮ ಲಕ್ಷ ಪೌಂಡು ಬಂತು. ಆ ಹಣವನ್ನು ಅದೇ ವರ್ಷ ಭೂಕಂಪದಿಂದಲೂ ಸಮುದ್ರದ ಅಲೆಗಳಿಂದಲೂ ಮನೆಮಠ ಕಳಕೊಂಡ ತಮ್ಮ ಜನರ ಸಹಾಯಕ್ಕೆ ಕೊಟ್ಟರು. ಹೆಚ್ಚು ಬಾರಿಸದೆ ಉಳಿದಿದ್ದ ಆ ಪಿಟೀಲು ಆ ದಿವಸ ಯಾವ ಕಛೇರಿಯಲ್ಲಿಯೂ ಬಾರದಂಥ ಒಳ್ಳೆಯ ನಾದವನ್ನು ಕೊಟ್ಟಿತೆಂದು ನಾವು ಹೇಳುವೆವು.

ಕೆಲವು ತಿಂಗಳಾದ ಮೇಲೆ ನಾವು ಪುನಃ ಆ ಮನೆಗೆ ಹೋದೆವು. ಈ ವಿಚಾರಗಳನ್ನು ಹಿರಿಯರ ಮುಂದೆ ಇಟ್ಟೆವು. ಅವರು ಬಹಳ ಹೊತ್ತು ಸುಮ್ಮನಿದ್ದು, “ನಮ್ಮಪ್ಪ ಇದನ್ನ ಎಲ್ಲಿಂದ ಕಲಿತ ಗೊತ್ತೇನ್ರಿ, ಅಯ್ಯನವರ? ಒಬ್ಬರ ಮನ್ಯಾಗ ನೀರು ಹೊತ್ತು, ಅವರ ಪಿಟೀಲ ಮ್ಯಾಲೆ ಕಲಿತ,” ಎಂದರು. ಅಂದರೆ ಯಾರೋ ಒಬ್ಬರು ತಮ್ಮ ಪೆಟ್ಟಿಗೆಯನ್ನು ಒಬ್ಬ ಕೂಲಿಯ ಹುಡುಗನಿಗೆ ತೆರೆದಿದ್ದರು. ತೆರೆಯದಿದ್ದರೆ ಈ ಮನೆಯಲ್ಲಿ ನೆನಪಿಡತಕ್ಕ ನಾದವೇ ಇರುತ್ತಿರಲಿಲ್ಲ. ತಂದೆಯ ನೆನಪೆಂದು ಅವರು ಕಾಪಾಡಿದ್ದು ವಾದ್ಯವನ್ನು. ತಂದೆಗೆ ದೊರಕಿದ ದಯೆಯನ್ನು ಕಾಪಾಡುವದು ಉಳಿದಿತ್ತು. ಇದನ್ನು ನಾವು ಬಾಯಿಬಿಟ್ಟು ಹೇಳಬೇಕಾಗಿ ಬರಲಿಲ್ಲ.

ಆ ದಿವಸ ಅವರು ಪಿಟೀಲನ್ನು ಕೊಡಲಿಲ್ಲ. ಕಮಾನನ್ನು ಮಾತ್ರ ಒಂದು ಅರಿವೆಯಲ್ಲಿ ಸುತ್ತಿ, ಹೊಸ ಕೂದಲು ಹಾಕಿಸಿಕೊಂಡು ಬರಬೇಕೆಂದು ನಮ್ಮ ಕೈಗೆ ಕೊಟ್ಟರು. “ಆ ಹುಡುಗ ನನ್ನ ಎದುರಿಗೇ ಕುಂತು ಕಲೀಲಿ,” ಎಂದರು. ಒಡೆಯನ ಹಕ್ಕೂ ಒಡೆಯನ ಧರ್ಮವೂ ಆ ಒಂದೇ ಮಾತಿನಲ್ಲಿ ಕೂಡಿಬಂದವೆಂದು ನಮಗೆ ತೋರಿತು.

ಪ್ರಿಯ ವಾಚಕರೇ, ನಿಮ್ಮ ಮನೆಯ ಗೂಡಿನಲ್ಲಿ ಪಿಟೀಲು ಇರಲಿಕ್ಕಿಲ್ಲ. ಆದರೆ ಯಾರಿಗೂ ಕಲಿಸದ ಒಂದು ಕಸಬು, ಓದಲು ಕೊಡದ ಒಂದು ಪುಸ್ತಕ, ಬಿತ್ತದ ಒಂದು ತುಂಡು ಹೊಲ, ಆಡದೆ ಉಳಿದ ಒಂದು ಒಳ್ಳೆಯ ಮಾತು, ಇವುಗಳಲ್ಲಿ ಯಾವದಾದರೂ ಇದ್ದೀತು. ಒಡೆದೀತೆಂಬ ಭಯವು ಯಾರಿಗೂ ತಪ್ಪದು, ಆ ಭಯಕ್ಕೆ ಕಾರಣವೂ ಉಂಟು. ಆದರೂ ಪೆಟ್ಟಿಗೆಯನ್ನು ಇಳಿಸಿ ಒಮ್ಮೆ ತೆರೆದು ನೋಡಿರಿ. ಬಾಗಿಲಲ್ಲಿ ಯಾರು ನಿಂತಿದ್ದಾರೆ ಎಂಬದನ್ನೂ ನೋಡಿರಿ.